ಆಂಡ್ರೊಮಿಡಾ ನಮಗೆ ಡಿಕ್ಕಿ ಹೊಡೆಯುವುದು ಎಷ್ಟು ಖಚಿತ? ಸುಳಿ ಗ್ಯಾಲಕ್ಸಿ ನುಡಿಯುವ ಸಾಕ್ಷ್ಯ

ಆಂಡ್ರೊಮಿಡಾ ಗ್ಯಾಲಕ್ಸಿಯು ಇನ್ನು ನಾನೂರು ಕೋಟಿ ವರ್ಷಗಳಲ್ಲಿ ನಮ್ಮ ಆಕಾಶಗಂಗೆಗೆ ಡಿಕ್ಕಿ ಹೊಡೆಯುತ್ತದೆ ಎಂಬ ಮಾತನ್ನು ನಾವು 2012ರಿಂದ ಈಚೆಗೆ ವಿಜ್ಞಾನ ಮೇಳಗಳಲ್ಲಿ, ಟಿವಿ ವಾಹಿನಿಗಳಲ್ಲಿ, ಪತ್ರಿಕೆಗಳ ಪುರವಣಿಗಳಲ್ಲಿ ನಿಶ್ಚಿತ ಸಂಗತಿಯೆಂಬಂತೆ ಕೇಳುತ್ತ ಬಂದಿದ್ದೇವೆ. 2025ರ ಜೂನ್ ತಿಂಗಳಲ್ಲಿ ಹೆಲ್ಸಿಂಕಿ ವಿಶ್ವವಿದ್ಯಾಲಯದ ಟಿಲ್ ಸವಾಲ ಮತ್ತು ಅವರ ಸಂಗಡಿಗರು ‘ನೇಚರ್ ಆಸ್ಟ್ರಾನಮಿ’ ಪತ್ರಿಕೆಯಲ್ಲಿ ಪ್ರಕಟಿಸಿದ ಅಧ್ಯಯನವು ಆ ನಿಶ್ಚಿತತೆಯನ್ನು ಕೆಳಗಿಳಿಸಿತು. ಹಬಲ್ ಮತ್ತು ಗಾಯಾ ದೂರದರ್ಶಕಗಳ ಅಳತೆಗಳನ್ನು, ಆ ಅಳತೆಗಳಲ್ಲಿರುವ ದೋಷದ ಮಿತಿಗಳ ಸಮೇತ, ಒಂದು ಲಕ್ಷ ಕಂಪ್ಯೂಟರ್ ಲೆಕ್ಕಾಚಾರಗಳಿಗೆ ಉಣಿಸಿದಾಗ, ಮುಂದಿನ ಸಾವಿರ ಕೋಟಿ ವರ್ಷಗಳಲ್ಲಿ ಎರಡೂ ಗ್ಯಾಲಕ್ಸಿಗಳು ಕೂಡಿಹೋಗುವ ಸಾಧ್ಯತೆ ಸುಮಾರು ಅರ್ಧಕ್ಕರ್ಧ ಎಂದು ಕಂಡುಬಂತು. ನಾನೂರರಿಂದ ಐನೂರು ಕೋಟಿ ವರ್ಷಗಳೊಳಗೆ ನೇರ ಡಿಕ್ಕಿಯಾಗುವ ಸಾಧ್ಯತೆಯಂತೂ ನೂರಕ್ಕೆ ಎರಡರಷ್ಟು ಮಾತ್ರ.

ಈ ಸುದ್ದಿಯನ್ನು ‘ವಿಜ್ಞಾನಿಗಳು ಮಾತು ಬದಲಿಸಿದರು’ ಎಂದು ಓದಿಕೊಂಡವರಿದ್ದಾರೆ. ‘ಡಿಕ್ಕಿ ಆಗುವುದೇ ಇಲ್ಲವಂತೆ’ ಎಂದು ಹೇಳಿಕೊಂಡವರೂ ಇದ್ದಾರೆ. ಎರಡು ಓದುಗಳೂ ಸರಿಯಲ್ಲ ಎಂಬುದು ಈ ಲೇಖನದ ನಿಲುವು. ಗ್ಯಾಲಕ್ಸಿಗಳು ಪರಸ್ಪರ ಸೆಳೆದು, ಒಂದನ್ನೊಂದು ತಿದ್ದಿ, ಕೆಲವೊಮ್ಮೆ ಒಂದರೊಳಗೊಂದು ಕರಗುತ್ತವೆ ಎಂಬುದರಲ್ಲಿ ಯಾರಿಗೂ ಸಂದೇಹವಿಲ್ಲ. ಒಂದು ನಿರ್ದಿಷ್ಟ ಜೋಡಿಯ ವಿಧಿಯು ಅಡ್ಡದಿಕ್ಕಿನ ಅತ್ಯಲ್ಪ ಚಲನೆಯ ಮೇಲೆ ಮತ್ತು ಸುತ್ತಲಿನ ಸಣ್ಣ ಗ್ಯಾಲಕ್ಸಿಗಳ ಎಳೆತದ ಮೇಲೆ ಎಷ್ಟರಮಟ್ಟಿಗೆ ನಿಂತಿದೆ ಎಂಬುದಷ್ಟೇ ಈಗ ಹೆಚ್ಚು ಸ್ಪಷ್ಟವಾಗಿರುವ ವಿಷಯ. ಇದನ್ನು ತಿಳಿಯಲು ಇಂಥ ಸೆಣಸಾಟದ ನಡುವೆಯೇ ಇರುವ ಒಂದು ಜೋಡಿಯನ್ನು ನೋಡುವುದು ಒಳ್ಳೆಯ ದಾರಿ.

ಹಾಸನ, ಚಿಕ್ಕಮಗಳೂರು ಜಿಲ್ಲೆಗಳಲ್ಲಿ ಕಾಫಿಯ ಹೂಮಳೆ ಬಿದ್ದು ಧೂಳಡಗಿದ ಮೇಲೆ, ಏಪ್ರಿಲ್ ಕೊನೆ ಮತ್ತು ಮೇ ಮೊದಲ ವಾರಗಳ ಮೋಡವಿಲ್ಲದ ರಾತ್ರಿ ಹತ್ತು ಗಂಟೆಯ ಹೊತ್ತಿಗೆ, ಸಪ್ತರ್ಷಿ ಮಂಡಲ ಉತ್ತರದ ಆಕಾಶದಲ್ಲಿ ಎತ್ತರಕ್ಕೆ ಬಂದಿರುತ್ತದೆ. ಅದರ ಬಾಲದ ತುದಿಯ ನಕ್ಷತ್ರ ಮರೀಚಿ. ಮರೀಚಿಯಿಂದ ಸುಮಾರು ಮೂರೂವರೆ ಡಿಗ್ರಿ ದೂರದಲ್ಲಿ, ಅಂದರೆ ಚಾಚಿದ ಕೈಯ ಎರಡು ಬೆರಳಗಲದ ಅಂತರದಲ್ಲಿ, ಮೆಸ್ಸಿಯೆ 51 ಎಂಬ ಹೆಸರಿನ ಸುಳಿ ಗ್ಯಾಲಕ್ಸಿಯಿದೆ. ನಮ್ಮ 13 ಡಿಗ್ರಿ ಅಕ್ಷಾಂಶದಿಂದ ಅದು ಉತ್ತರ ದಿಗಂತದ ಮೇಲೆ ಸುಮಾರು 56 ಡಿಗ್ರಿಯವರೆಗೆ ಏರುತ್ತದೆ. ಬರಿಗಣ್ಣಿಗೆ ಅದು ಕಾಣದು. ಕತ್ತಲೆ ಚೆನ್ನಾಗಿರುವ ತೋಟದ ಬಯಲಿನಿಂದ ಬೈನಾಕ್ಯುಲರ್‌ನಲ್ಲಿ ನೋಡಿದರೆ ಮಸುಕು ಬೆಳಕಿನ ಚುಕ್ಕೆಯಾಗಿ ಕಾಣುತ್ತದೆ. ಎಂಟು ಇಂಚಿನ ದೂರದರ್ಶಕದಲ್ಲಿ ಆ ಚುಕ್ಕೆ ಎರಡಾಗಿ ಒಡೆಯುತ್ತದೆ. ದೊಡ್ಡದು ಸುರುಳಿ ಗ್ಯಾಲಕ್ಸಿ, ಚಿಕ್ಕದು ಅದರ ನೆರೆಯ ಎನ್‌ಜಿಸಿ 5195. ಅವುಗಳಿಂದ ಈಗ ನಮ್ಮನ್ನು ತಲುಪುತ್ತಿರುವ ಬೆಳಕು ಹೊರಟು ಎರಡೂಕಾಲು ಕೋಟಿಯಿಂದ ಮೂರು ಕೋಟಿ ವರ್ಷಗಳಾಗಿವೆ. ದೂರದ ಅಂದಾಜುಗಳು ಈ ಮಿತಿಯೊಳಗೆ ಬರುತ್ತವೆ.

ಚಾರ್ಲ್ಸ್ ಮೆಸ್ಸಿಯೆ ದೊಡ್ಡ ಗ್ಯಾಲಕ್ಸಿಯನ್ನು 1773ರಲ್ಲಿ ಕಂಡರು, ಅದರ ಸಂಗಾತಿಯನ್ನು ಪಿಯೆರ್ ಮೆಷೆನ್ 1781ರಲ್ಲಿ ಗುರುತಿಸಿದರು. ಅವರಿಬ್ಬರಿಗೂ ಅದು ಮಂಜಿನ ತುಣುಕಷ್ಟೇ ಆಗಿತ್ತು. 1845ರಲ್ಲಿ ಐರ್ಲೆಂಡಿನ ಲಾರ್ಡ್ ರಾಸ್ ತಮ್ಮ 72 ಇಂಚಿನ ದೈತ್ಯ ದೂರದರ್ಶಕವನ್ನು ಅದರತ್ತ ತಿರುಗಿಸಿ, ಕಂಡದ್ದನ್ನು ಕೈಯಿಂದ ಚಿತ್ರಿಸಿದಾಗ, ಮೊದಲ ಬಾರಿಗೆ ಆಕಾಶದ ಒಂದು ಮಸುಕು ಕಾಯದಲ್ಲಿ ಸುರುಳಿಯ ಆಕಾರ ಮನುಷ್ಯರಿಗೆ ಕಂಡಿತು. ಆ ಚಿತ್ರದಲ್ಲಿ ಒಂದು ಸುರುಳಿ ತೋಳು ಹೊರಗೆ ಚಾಚಿ ಸಂಗಾತಿಯತ್ತ ಸಾಗಿರುವುದೂ ಇದೆ. ಗ್ಯಾಲಕ್ಸಿ ಎಂದರೇನೆಂಬುದೇ ತಿಳಿಯದಿದ್ದ ಕಾಲದಲ್ಲಿ, ಛಾಯಾಗ್ರಹಣದ ನೆರವಿಲ್ಲದೆ, ಬರಿಯ ಕಣ್ಣು ಮತ್ತು ಪೆನ್ಸಿಲ್ಲಿನಿಂದ ದಾಖಲಾದ ಈ ವಿವರ ನನಗೆ ಇಂದಿಗೂ ಅಪಾರ ಗೌರವವನ್ನು ಹುಟ್ಟಿಸುತ್ತದೆ.

ಆ ತೋಳು ಹಾಗೇಕೆ ಚಾಚಿದೆ ಎಂಬ ಪ್ರಶ್ನೆಗೆ ಉತ್ತರ ದೊರೆಯಲು ನೂರು ವರ್ಷಕ್ಕೂ ಹೆಚ್ಚು ಕಾಲ ಬೇಕಾಯಿತು. ಸ್ವೀಡನ್ನಿನ ಎರಿಕ್ ಹೋಮ್‌ಬರ್ಗ್ 1941ರಲ್ಲಿ, ಕಂಪ್ಯೂಟರ್ ಇಲ್ಲದ ದಿನಗಳಲ್ಲಿ, ಮೇಜಿನ ಮೇಲೆ ಒಂದೊಂದು ಗ್ಯಾಲಕ್ಸಿಗೆ 37ರಂತೆ 74 ಬಲ್ಬುಗಳನ್ನು ಜೋಡಿಸಿದರು. ದೂರ ಎರಡು ಪಟ್ಟಾದರೆ ಬೆಳಕೂ ನಾಲ್ಕನೇ ಒಂದಕ್ಕೆ ಇಳಿಯುತ್ತದೆ, ಗುರುತ್ವವೂ ನಾಲ್ಕನೇ ಒಂದಕ್ಕೆ ಇಳಿಯುತ್ತದೆ. ಈ ಸಾಮ್ಯವನ್ನು ಬಳಸಿಕೊಂಡು ಅವರು ಪ್ರತಿ ಬಲ್ಬಿನ ಜಾಗದಲ್ಲಿ ಬೀಳುವ ಬೆಳಕನ್ನು ಅಳೆದು, ಅದನ್ನೇ ಗುರುತ್ವದ ಎಳೆತವೆಂದು ಎಣಿಸಿ, ಬಲ್ಬುಗಳನ್ನು ಹೆಜ್ಜೆಹೆಜ್ಜೆಯಾಗಿ ಸರಿಸುತ್ತ ಹೋದರು. ಎರಡು ‘ಗ್ಯಾಲಕ್ಸಿಗಳು’ ಹತ್ತಿರ ಹಾದುಹೋದಾಗ ಅವುಗಳಲ್ಲಿ ತೋಳುಗಳಂಥ ಆಕಾರಗಳು ಎದ್ದವು. ಆದರೂ, ಬರಿಯ ಗುರುತ್ವದಿಂದ ಅಷ್ಟು ಉದ್ದದ, ಅಷ್ಟು ತೆಳುವಾದ ಎಳೆಗಳು ಮೂಡಲಾರವು ಎಂಬ ಅನುಮಾನ ಖಗೋಳವಿಜ್ಞಾನಿಗಳಲ್ಲಿ ಬಹುಕಾಲ ಉಳಿಯಿತು. ಹಾಲ್ಟನ್ ಆರ್ಪ್ 1966ರಲ್ಲಿ 338 ವಿಚಿತ್ರ ಗ್ಯಾಲಕ್ಸಿಗಳ ಚಿತ್ರಸಂಪುಟವನ್ನು ಹೊರತಂದಾಗ, ಅವುಗಳಲ್ಲಿ 85ನೆಯದಾಗಿ ಈ ಜೋಡಿ ಸೇರಿತ್ತು.

ಅನುಮಾನವನ್ನು ಪರಿಹರಿಸಿದವರು ಅಲಾರ್ ಟೂಮ್ರೆ ಮತ್ತು ಯೂರಿ ಟೂಮ್ರೆ ಎಂಬ ಸಹೋದರರು. 1972ರಲ್ಲಿ ಅವರು ಕಂಪ್ಯೂಟರ್ ಲೆಕ್ಕದಿಂದ, ಹಾದುಹೋಗುವ ನೆರೆಯ ಗ್ಯಾಲಕ್ಸಿಯೊಂದು ಅಲ್ಪಕಾಲ ಉಂಟುಮಾಡುವ ಉಬ್ಬರದ ಸೆಳೆತವೇ ಈ ಸೇತುವೆ ಮತ್ತು ಬಾಲಗಳನ್ನು ಎಬ್ಬಿಸಲು ಸಾಕೆಂದು ತೋರಿಸಿಕೊಟ್ಟರು. ಕರಾವಳಿಯ ಕಡಲಿನಲ್ಲಿ ಉಬ್ಬರವಿಳಿತ ತರುವುದೂ ಇದೇ ಕಾರಣ: ಚಂದ್ರನಿಗೆ ಹತ್ತಿರದ ಬದಿಯ ನೀರು ಭೂಮಿಯ ನಡುಭಾಗಕ್ಕಿಂತ ಹೆಚ್ಚು ಸೆಳೆಯಲ್ಪಡುತ್ತದೆ, ಆಚೆ ಬದಿಯ ನೀರು ಕಡಿಮೆ ಸೆಳೆಯಲ್ಪಡುತ್ತದೆ, ಹಾಗಾಗಿ ಎರಡೂ ಕಡೆ ಉಬ್ಬು ಏಳುತ್ತದೆ. ಗ್ಯಾಲಕ್ಸಿಯಲ್ಲಿ ಉಬ್ಬುವುದು ನಕ್ಷತ್ರಗಳ ಮತ್ತು ಅನಿಲದ ತಟ್ಟೆ. ಆ ತಟ್ಟೆ ಸುತ್ತುತ್ತಿರುವುದರಿಂದ ಉಬ್ಬು ನಿಂತಲ್ಲಿ ನಿಲ್ಲದೆ ಎಳೆದುಕೊಂಡು ಹೋಗುತ್ತದೆ. ನೆರೆಯ ಬದಿಯಲ್ಲಿ ಅದು ಸೇತುವೆಯಾಗುತ್ತದೆ, ಎದುರು ಬದಿಯಲ್ಲಿ ಬಾಲವಾಗುತ್ತದೆ. ಟೂಮ್ರೆ ಸಹೋದರರ ಲೆಕ್ಕದಿಂದ ಇನ್ನೂ ಒಂದು ಮಹತ್ವದ ಸಂಗತಿ ಹೊರಬಂತು. ತಟ್ಟೆ ಸುತ್ತುವ ದಿಕ್ಕಿನಲ್ಲಿಯೇ ನೆರೆಯದು ಹಾದುಹೋದರೆ, ಒಂದೇ ನಕ್ಷತ್ರಸಮೂಹ ಹೆಚ್ಚು ಹೊತ್ತು ಅದರ ಎಳೆತಕ್ಕೆ ಸಿಕ್ಕಿ ಪರಿಣಾಮ ತೀವ್ರವಾಗುತ್ತದೆ. ವಿರುದ್ಧ ದಿಕ್ಕಿನಲ್ಲಿ ಹಾದುಹೋದರೆ ತಟ್ಟೆ ಬಹುಮಟ್ಟಿಗೆ ಕದಡದೆ ಉಳಿಯುತ್ತದೆ. ಅಂದರೆ ಎರಡು ಗ್ಯಾಲಕ್ಸಿಗಳ ಭೇಟಿಯ ಫಲಿತಾಂಶವನ್ನು ದೂರ ಮತ್ತು ತೂಕಗಳಿಂದಷ್ಟೇ ಊಹಿಸಲಾಗದು. ದಿಕ್ಕು, ಓರೆ, ವೇಗ ಎಲ್ಲವೂ ತಿಳಿದಿರಬೇಕು. ಆಂಡ್ರೊಮಿಡಾದ ಚರ್ಚೆಗೆ ಬಂದಾಗ ಈ ಮಾತು ಮತ್ತೆ ಬೇಕಾಗುತ್ತದೆ.

ಸುಳಿ ಗ್ಯಾಲಕ್ಸಿಯ ಎರಡು ತೋಳುಗಳು ಇಷ್ಟು ಸ್ಫುಟವಾಗಿರುವುದಕ್ಕೆ ನೆರೆಯ ಈ ಸಂಗಾತಿಯ ಎಳೆತವೇ ಮುಖ್ಯ ಕಾರಣವೆಂಬುದು ಇಂದಿನ ಬಹುಮತದ ಅಭಿಪ್ರಾಯ. ಸಂಗಾತಿಯು ಒಮ್ಮೆ ಮಾತ್ರ ಹಾದುಹೋಗಿದೆಯೇ, ಇಲ್ಲವೇ ಎರಡು ಬಾರಿ ತಟ್ಟೆಯನ್ನು ದಾಟಿದೆಯೇ ಎಂಬ ಚರ್ಚೆ ಇನ್ನೂ ನಡೆದಿದೆ. ಎರಡು ಬಾರಿ ಎನ್ನುವ ಮಾದರಿಗಳು ಅನಿಲದ ಚಲನೆಯನ್ನು ಹೆಚ್ಚು ಚೆನ್ನಾಗಿ ವಿವರಿಸುತ್ತವೆ. ಸದ್ಯಕ್ಕೆ ಅದು ತೋಳಿನ ತುದಿಯಲ್ಲಿ ಕುಳಿತಂತೆ ಚಿತ್ರಗಳಲ್ಲಿ ತೋರುತ್ತದೆಯಾದರೂ, ನಿಜವಾಗಿ ತೋಳಿನ ಹಿಂದಕ್ಕೆ ಸರಿದಿದೆ. ತೋಳಿನ ಧೂಳಿನ ಪಟ್ಟೆಯು ಅದರ ಬೆಳಕನ್ನು ಅಡ್ಡಗಟ್ಟಿ ಕಪ್ಪಾಗಿ ಕಾಣುವುದೇ ಇದಕ್ಕೆ ಆಧಾರ.

‘ಡಿಕ್ಕಿ’ ಎಂಬ ಮಾತನ್ನು ಕೇಳಿದೊಡನೆ ನಕ್ಷತ್ರಗಳು ಒಂದಕ್ಕೊಂದು ಅಪ್ಪಳಿಸುವ ದೃಶ್ಯ ಮನಸ್ಸಿಗೆ ಬರುತ್ತದೆ. ಅಂಥದ್ದು ನಡೆಯುವುದಿಲ್ಲವೆಂದೇ ಹೇಳಬಹುದು. ಸೂರ್ಯನನ್ನು ನಮ್ಮ ತೋಟದ ಒಂದು ಕರಿಮೆಣಸಿನ ಕಾಳಿನಷ್ಟಕ್ಕೆ ಇಳಿಸಿ ಹಾಸನದಲ್ಲಿ ಇಟ್ಟರೆ, ಅದೇ ಅಳತೆಯಲ್ಲಿ ಸೂರ್ಯನಿಗೆ ಅತ್ಯಂತ ಹತ್ತಿರದ ನಕ್ಷತ್ರವು, ಘಟ್ಟ ಇಳಿದು, ಮಂಗಳೂರಿನಲ್ಲಿ ಇನ್ನೂ ಚಿಕ್ಕ ಕಾಳಾಗಿ ಬಿದ್ದಿರುತ್ತದೆ. ಇಷ್ಟು ವಿರಳವಾದ ಎರಡು ಹಿಂಡುಗಳು ಒಂದರೊಳಗೊಂದು ಹಾದರೂ ಕಾಳಿಗೆ ಕಾಳು ತಾಗದು. ಗ್ಯಾಲಕ್ಸಿಗಳ ವಿಷಯ ಹಾಗಿಲ್ಲ. ಆಕಾಶಗಂಗೆಯ ತಟ್ಟೆ ಸುಮಾರು ಒಂದು ಲಕ್ಷ ಜ್ಯೋತಿರ್ವರ್ಷ ಅಗಲವಿದೆ. ಆಂಡ್ರೊಮಿಡಾ ಇರುವುದು 25 ಲಕ್ಷ ಜ್ಯೋತಿರ್ವರ್ಷ ದೂರದಲ್ಲಿ, ಅಂದರೆ ಆ ಅಗಲದ ಇಪ್ಪತ್ತೈದು ಪಟ್ಟಿನಲ್ಲಿ. ತಮ್ಮ ಗಾತ್ರಕ್ಕೆ ಹೋಲಿಸಿದರೆ ನಕ್ಷತ್ರಗಳು ಅತಿ ದೂರದ ನೆರೆಯವು, ಗ್ಯಾಲಕ್ಸಿಗಳು ಬಲು ಹತ್ತಿರದ ನೆರೆಯವು. ಹಾಗಾಗಿಯೇ ಗ್ಯಾಲಕ್ಸಿಗಳ ಸೆಣಸಾಟ ವಿಶ್ವದಲ್ಲಿ ಸಾಮಾನ್ಯ ಸಂಗತಿಯಾಗಿದೆ.

ನಿಜಕ್ಕೂ ಒಂದಕ್ಕೊಂದು ತಾಗುವುದು ಅನಿಲದ ಮೋಡಗಳು. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಚಂದಾ ಜೋಗ್ ಅವರು ಫಿಲಿಪ್ ಸೋಲೊಮನ್ ಅವರೊಡಗೂಡಿ 1992ರಲ್ಲಿ ಮಂಡಿಸಿದ ವಿವರಣೆ ಇಲ್ಲಿ ನೆನೆಯತಕ್ಕದ್ದು. ಎರಡು ಗ್ಯಾಲಕ್ಸಿಗಳ ಹೈಡ್ರೋಜನ್ ಮೋಡಗಳು ಡಿಕ್ಕಿಯಾದಾಗ ಹೆಚ್ಚು ಒತ್ತಡದ ಬಿಸಿ ಅನಿಲ ಉಂಟಾಗುತ್ತದೆ. ಆ ಅನಿಲವು ಅಲ್ಲಿ ಮೊದಲೇ ಇದ್ದ ತಣ್ಣನೆಯ, ದಟ್ಟ ಅಣುಮೋಡಗಳನ್ನು ಹೊರಗಿನಿಂದ ಒತ್ತುತ್ತದೆ, ಅವುಗಳ ಹೊರಪದರ ಕುಸಿದು ಒಮ್ಮೆಲೇ ಅಪಾರ ಸಂಖ್ಯೆಯ ನಕ್ಷತ್ರಗಳು ಹುಟ್ಟುತ್ತವೆ. ಸೆಣಸುವ ಗ್ಯಾಲಕ್ಸಿಗಳಲ್ಲಿ ನಕ್ಷತ್ರಜನನದ ಸುಗ್ಗಿ ಏಕೆ ಕಾಣುತ್ತದೆ ಎಂಬುದಕ್ಕೆ ನಮ್ಮ ರಾಜ್ಯದ ಸಂಸ್ಥೆಯೊಂದರಿಂದ ಸಂದ ಈ ಉತ್ತರವು ಕನ್ನಡದ ವಿಜ್ಞಾನ ಬರಹಗಳಲ್ಲಿ ಇನ್ನಷ್ಟು ಕಾಣಿಸಿಕೊಳ್ಳಬೇಕಿತ್ತು. ಸುಳಿ ಗ್ಯಾಲಕ್ಸಿಯಲ್ಲಿ ಎರಡು ಗ್ಯಾಲಕ್ಸಿಗಳ ಅನಿಲ ಹಾಗೆ ನೇರವಾಗಿ ಬಡಿದುಕೊಂಡಿಲ್ಲವಾದರೂ, ಎಬ್ಬಿಸಲ್ಪಟ್ಟ ತೋಳುಗಳೊಳಗೆ ಅನಿಲ ಒತ್ತರಿಸಿ ನಕ್ಷತ್ರಗಳು ಹುಟ್ಟುತ್ತಿವೆ. ಹೀಗೆ ಹುಟ್ಟುವ ದೈತ್ಯ ನಕ್ಷತ್ರಗಳು ಬೇಗ ಉರಿದು ಸಿಡಿಯುತ್ತವೆ; ಸುಳಿ ಗ್ಯಾಲಕ್ಸಿಯಲ್ಲಿ 1994, 2005 ಮತ್ತು 2011ರಲ್ಲಿ ಇಂಥ ಮೂರು ಸಿಡಿತಗಳು, ಅಂದರೆ ಸೂಪರ್‌ನೋವಾಗಳು ಕಂಡವು. ನಮ್ಮ ಆಕಾಶಗಂಗೆಯಲ್ಲಿ ಬರಿಗಣ್ಣಿಗೆ ಕಂಡ ಕೊನೆಯ ಸೂಪರ್‌ನೋವಾ 1604ರದು ಎಂಬುದನ್ನು ನೆನೆದರೆ ಈ ಸಂಖ್ಯೆಯ ಮಹತ್ವ ತಿಳಿಯುತ್ತದೆ.

ಹತ್ತಿರ ಬಂದ ಗ್ಯಾಲಕ್ಸಿ ಮತ್ತೆ ದೂರ ಹೋಗದೆ ಏಕೆ ಕೂಡಿಹೋಗುತ್ತದೆ ಎಂಬ ಪ್ರಶ್ನೆಗೆ ಉತ್ತರದ ಬುನಾದಿ ಹಾಕಿದವರು ಸುಬ್ರಹ್ಮಣ್ಯನ್ ಚಂದ್ರಶೇಖರ್. 1943ರಲ್ಲಿ ಅವರು, ನಕ್ಷತ್ರಗಳ ಸಮುದ್ರದಲ್ಲಿ ಸಾಗುವ ಭಾರವಾದ ಕಾಯವು ತನ್ನ ಹಿಂದೆ ನಕ್ಷತ್ರಗಳನ್ನು ಒಟ್ಟುಗೂಡಿಸುತ್ತದೆಯೆಂದೂ, ಆ ಒಟ್ಟಿಲಿನ ಗುರುತ್ವವೇ ಅದನ್ನು ಹಿಂದಕ್ಕೆಳೆದು ವೇಗ ಕುಗ್ಗಿಸುತ್ತದೆಯೆಂದೂ ಲೆಕ್ಕ ಹಾಕಿ ತೋರಿಸಿದರು. ಗ್ಯಾಲಕ್ಸಿಯ ಸುತ್ತ ಕಾಣದ ದ್ರವ್ಯದ ವಿಶಾಲ ಹೊದಿಕೆ ಇದೆಯೆಂದು ಮುಂದೆ ತಿಳಿದುಬಂದ ಮೇಲೆ ವೇಗ ಕುಗ್ಗಿಸುವ ಈ ಗುರುತ್ವದ ಘರ್ಷಣೆಯ ಮಹತ್ವ ಇನ್ನೂ ಹೆಚ್ಚಿತು: ತಟ್ಟೆಗಳು ತಾಗುವ ಬಹು ಮೊದಲೇ ಹೊದಿಕೆಗಳು ಬೆರೆತು ಎಳೆತ ಆರಂಭವಾಗಿರುತ್ತದೆ. ಆದರೆ ಘರ್ಷಣೆ ಕೆಲಸ ಮಾಡಬೇಕಾದರೆ ಎರಡೂ ಸಾಕಷ್ಟು ಹತ್ತಿರ ಬರಬೇಕು. ಬಹುದೂರದಿಂದಲೇ ಹಾದುಹೋದರೆ ಕಕ್ಷೆ ಹೆಚ್ಚೇನೂ ಕುಗ್ಗದು.

ಆಂಡ್ರೊಮಿಡಾದ ಪ್ರಶ್ನೆ ನಿಂತಿರುವುದು ಇಲ್ಲಿಯೇ. ಅದು ನಮ್ಮತ್ತ ಬರುತ್ತಿದೆ ಎಂಬುದನ್ನು ವೆಸ್ಟೊ ಸ್ಲೈಫರ್ 1912ರಲ್ಲಿಯೇ ಅಳೆದಿದ್ದರು. ಬೆಳಕಿನ ಬಣ್ಣ ನೀಲಿಯತ್ತ ಸರಿದಿರುವುದರಿಂದ ಸೆಕೆಂಡಿಗೆ 300 ಕಿಲೋಮೀಟರ್ ವೇಗವೆಂದು ಅವರು ಕಂಡುಕೊಂಡರು. ಅದರಲ್ಲಿ ಸೂರ್ಯನೇ ಆಕಾಶಗಂಗೆಯನ್ನು ಸುತ್ತುವ ವೇಗವನ್ನು ಕಳೆದರೆ, ಎರಡು ಗ್ಯಾಲಕ್ಸಿಗಳು ಸಮೀಪಿಸುವ ವೇಗ ಸೆಕೆಂಡಿಗೆ ಸುಮಾರು 110 ಕಿಲೋಮೀಟರ್ ಉಳಿಯುತ್ತದೆ. ಈ ಅಳತೆ ಗಟ್ಟಿಯಾದದ್ದು. ಕಷ್ಟವಿರುವುದು ಅಡ್ಡದಿಕ್ಕಿನ ವೇಗದಲ್ಲಿ, ಏಕೆಂದರೆ ಅದು ಬಣ್ಣದಲ್ಲಿ ಗೋಚರಿಸುವುದಿಲ್ಲ. ಆಕಾಶದಲ್ಲಿ ಗ್ಯಾಲಕ್ಸಿ ಪಕ್ಕಕ್ಕೆ ಸರಿದದ್ದನ್ನೇ ಕಂಡು ಅಳೆಯಬೇಕು. ಹಬಲ್ ಚಿತ್ರಗಳನ್ನು ವರ್ಷಗಳ ಅಂತರದಲ್ಲಿ ಹೋಲಿಸಿ ರೋಲಂಡ್ ವಾನ್ ಡೆರ್ ಮಾರೆಲ್ ಅವರ ತಂಡ 2012ರಲ್ಲಿ ಅದು ಸೆಕೆಂಡಿಗೆ 17 ಕಿಲೋಮೀಟರ್ ಎಂದು ಅಂದಾಜಿಸಿತು. ಇಷ್ಟು ಕಡಿಮೆ ಅಡ್ಡವೇಗವಿದ್ದರೆ ದಾರಿ ಬಹುತೇಕ ನೇರ. ‘ಡಿಕ್ಕಿ ಖಚಿತ’ ಎಂಬ ಸುದ್ದಿ ಹುಟ್ಟಿದ್ದು ಆಗ. ಗಾಯಾ ದತ್ತಾಂಶವನ್ನು ಸೇರಿಸಿದ 2019ರ ಅಂದಾಜು 57 ಕಿಲೋಮೀಟರ್‌ಗೆ ಏರಿತು, ಅದೂ ಮೂವತ್ತಕ್ಕೂ ಹೆಚ್ಚು ಕಿಲೋಮೀಟರ್ ಹೆಚ್ಚುಕಡಿಮೆಯಾಗಬಹುದೆಂಬ ಷರತ್ತಿನೊಡನೆ. ಆ ದೂರದಲ್ಲಿ 57 ಕಿಲೋಮೀಟರ್ ವೇಗವೆಂದರೆ, ಒಂದು ಡಿಗ್ರಿಯ 3,600ನೇ ಭಾಗವನ್ನು ಮತ್ತೆ ಒಂದು ಲಕ್ಷ ಪಾಲು ಮಾಡಿ, ಅದರಲ್ಲಿ ಒಂದೂವರೆ ಪಾಲಿನಷ್ಟು ಒಂದು ವರ್ಷದಲ್ಲಿ ಸರಿಯುವುದು. ಇಷ್ಟು ಸೂಕ್ಷ್ಮವಾದ ಅಳತೆಯ ಮೇಲೆ ನಾನೂರು ಕೋಟಿ ವರ್ಷಗಳ ಭವಿಷ್ಯವನ್ನು ನಿಲ್ಲಿಸುವಾಗ ದೋಷದ ಮಿತಿಯನ್ನು ಹೇಳದೆ ಬಿಡುವುದು ಸರಿಯಾಗದು.

ಅಡ್ಡದಿಕ್ಕಿನ ಅಲ್ಪ ಎಳೆತ ಕಾಲಕ್ರಮದಲ್ಲಿ ಏನು ಮಾಡುತ್ತದೆಂಬುದು ಹಾಸನದವರಿಗೆ ಹೊಸ ವಿಷಯವಾಗಬೇಕಿಲ್ಲ. ಸಾಲಗಾಮೆ ರಸ್ತೆಯಲ್ಲಿರುವ ಇಸ್ರೋದ ಎಂಸಿಎಫ್, ಅಂದರೆ ಮಾಸ್ಟರ್ ಕಂಟ್ರೋಲ್ ಫೆಸಿಲಿಟಿ, 1982ರಿಂದ ಮಾಡುತ್ತ ಬಂದಿರುವ ಕೆಲಸಗಳಲ್ಲಿ ಇದೂ ಒಂದು. ಸುಮಾರು 36,000 ಕಿಲೋಮೀಟರ್ ಎತ್ತರದ ಭೂಸ್ಥಿರ ಉಪಗ್ರಹವನ್ನು ಅದರ ಪಾಡಿಗೆ ಬಿಟ್ಟರೆ, ಸೂರ್ಯ ಚಂದ್ರರ ಸೆಳೆತದಿಂದ ಅದರ ಕಕ್ಷೆ ವರ್ಷಕ್ಕೆ ಒಂದು ಡಿಗ್ರಿಗೆ ಸ್ವಲ್ಪ ಕಡಿಮೆ ಓರೆಯಾಗುತ್ತ ಹೋಗುತ್ತದೆ. ಅದನ್ನು ಸರಿಪಡಿಸಲು ವರ್ಷವಿಡೀ ಸೇರಿ ಸೆಕೆಂಡಿಗೆ ಸುಮಾರು 50 ಮೀಟರ್‌ನಷ್ಟು ವೇಗಬದಲಾವಣೆಯನ್ನು ಇಂಧನ ಉರಿಸಿ ಕೊಡಬೇಕಾಗುತ್ತದೆ. ಭೂಮಿ ಮತ್ತು ಉಪಗ್ರಹ ಎರಡನ್ನೇ ಲೆಕ್ಕಕ್ಕೆ ತೆಗೆದುಕೊಂಡರೆ ಈ ಓರೆ ಎಲ್ಲಿಂದ ಬಂತೆಂದೇ ತಿಳಿಯದು. ಮೂರನೆಯ ಕಾಯವನ್ನು ಸೇರಿಸಿದಾಗ ಮಾತ್ರ ಲೆಕ್ಕ ಕೂಡುತ್ತದೆ.

2025ರ ಅಧ್ಯಯನವು ಮಾಡಿದ್ದೂ ಅದನ್ನೇ. ಆಂಡ್ರೊಮಿಡಾ ಮತ್ತು ಆಕಾಶಗಂಗೆಯ ಜೊತೆಗೆ ಅದು ತ್ರಿಕೋನ ಮಂಡಲದ ಎಂ33 ಗ್ಯಾಲಕ್ಸಿಯನ್ನೂ ದೊಡ್ಡ ಮೆಗಲನಿಕ್ ಮೋಡವೆಂಬ ಸಣ್ಣ ಗ್ಯಾಲಕ್ಸಿಯನ್ನೂ ಲೆಕ್ಕಕ್ಕೆ ಸೇರಿಸಿತು. ಎಂ33 ಆಂಡ್ರೊಮಿಡಾದ ಸಂಗಾತಿ; ಅದರ ಎಳೆತ ಕೂಡುವಿಕೆಯ ಸಾಧ್ಯತೆಯನ್ನು ಹೆಚ್ಚಿಸುತ್ತದೆ. ಮೆಗಲನಿಕ್ ಮೋಡ ನಮ್ಮ ಸಂಗಾತಿ, ಸುಮಾರು 1,60,000 ಜ್ಯೋತಿರ್ವರ್ಷ ದೂರದಲ್ಲಿದೆ, ಆಕಾಶಗಂಗೆಯ ತೂಕದ ಹತ್ತನೇ ಒಂದು ಭಾಗಕ್ಕೆ ಕಡಿಮೆಯಿಲ್ಲದ ತೂಕದ್ದು. ಅದು ಆಕಾಶಗಂಗೆಯನ್ನು ತನ್ನತ್ತ ಜಗ್ಗಿ, ಆಂಡ್ರೊಮಿಡಾದ ದಾರಿಯಿಂದ ಸ್ವಲ್ಪ ಪಕ್ಕಕ್ಕೆ ಸರಿಸುತ್ತದೆ. ಹಾಗಾಗಿ ಕೂಡುವಿಕೆಯ ಸಾಧ್ಯತೆ ಇಳಿಯುತ್ತದೆ. ಜನವರಿ ಕೊನೆಯ ರಾತ್ರಿಗಳಲ್ಲಿ ನಮ್ಮ ಜಿಲ್ಲೆಗಳಿಂದ ಈ ಮೋಡವು ದಕ್ಷಿಣ ದಿಗಂತದ ಮೇಲೆ ಏಳು ಡಿಗ್ರಿಯಷ್ಟೇ ಏರುತ್ತದೆ. ದಕ್ಷಿಣಕ್ಕೆ ತೆರೆದ ಗಿರಿಶಿಖರ ಮತ್ತು ಮಂಜಿಲ್ಲದ ಗಾಳಿ ಎರಡೂ ಒದಗಿದರಷ್ಟೇ ಅದು ಕಂಡೀತು.

ಇನ್ನೊಂದು ಮಾತನ್ನು ಇಲ್ಲಿ ಹೇಳಲೇಬೇಕು. ಆಂಡ್ರೊಮಿಡಾ ಬರಲಿ, ಬಾರದಿರಲಿ, ಆಕಾಶಗಂಗೆಯು ಈಗಲೇ ನೆರೆಯವುಗಳೊಡನೆ ಸೆಣಸುತ್ತಿರುವ ಸುರುಳಿ ಗ್ಯಾಲಕ್ಸಿ. 1994ರಲ್ಲಿ ಪತ್ತೆಯಾದ ಧನು ಕುಬ್ಜ ಗ್ಯಾಲಕ್ಸಿ ನಮ್ಮ ಉಬ್ಬರದ ಸೆಳೆತಕ್ಕೆ ಸಿಕ್ಕಿ ಹರಿದು, ಅದರ ನಕ್ಷತ್ರಗಳು ಇಡೀ ಆಕಾಶವನ್ನು ಸುತ್ತುವ ಹೊಳೆಯಾಗಿ ಹರಡಿವೆ. ಸೂರ್ಯನ ಆಸುಪಾಸಿನ ನಕ್ಷತ್ರಗಳ ಮೇಲೆ-ಕೆಳಗಿನ ಚಲನೆಯಲ್ಲಿ ಬಸವನಹುಳುವಿನ ಚಿಪ್ಪಿನಂಥ ಸುರುಳಿ ಅಡಗಿರುವುದನ್ನು 2018ರಲ್ಲಿ ಗಾಯಾ ದತ್ತಾಂಶ ತೋರಿಸಿತು. ಹಿಂದೆ ಯಾವುದೋ ಸಂಗಾತಿ ಹಾದುಹೋದಾಗ ಕದಡಿದ ತಟ್ಟೆ ಇನ್ನೂ ನೆಲೆಗೊಂಡಿಲ್ಲ ಎಂಬುದು ಅದರ ಒಂದು ವಿವರಣೆ. ಸುಳಿ ಗ್ಯಾಲಕ್ಸಿಯ ವಾಸಿಗಳು ಯಾರಾದರೂ ಇದ್ದು ನಮ್ಮತ್ತ ನೋಡುವಂತಿದ್ದರೆ, ಅವರಿಗೂ ಇದು ಸಂಗಾತಿಗಳ ಎಳೆತದಲ್ಲಿರುವ ಗ್ಯಾಲಕ್ಸಿಯಾಗಿಯೇ ಕಾಣುತ್ತಿತ್ತು.

ಈ ಜೋಡಿಗಳನ್ನು ಕಣ್ಣಾರೆ ಕಾಣುವ ಅವಕಾಶ ನಮ್ಮ ಮಲೆನಾಡಿನಲ್ಲಿ ಕುಗ್ಗುತ್ತಿರುವುದು ನಿಜವಾದ ನಷ್ಟ. ಗ್ರಹಗಳೂ ಪ್ರಕಾಶಮಾನ ನಕ್ಷತ್ರಗಳೂ ಪಟ್ಟಣದ ಬೆಳಕಿನಲ್ಲೂ ಕಾಣುತ್ತವೆ. ಹರಡಿಕೊಂಡ ಮಸುಕು ಬೆಳಕಿನ ಗ್ಯಾಲಕ್ಸಿಗಳು ಹಾಗಲ್ಲ. ಆಕಾಶದ ಹಿನ್ನೆಲೆ ಸ್ವಲ್ಪ ಬೆಳಗಿದರೂ ಅವೇ ಮೊದಲು ಅಳಿಸಿಹೋಗುತ್ತವೆ, ದೊಡ್ಡ ದೂರದರ್ಶಕವೂ ಅವನ್ನು ಮರಳಿ ತಂದುಕೊಡದು. ಗಿರಿಯ ಸುತ್ತಲಿನ ಹೋಂಸ್ಟೇ, ರೆಸಾರ್ಟುಗಳ ಅಂಗಳದ ದೀಪಗಳಿಗೆ ಮೇಲೊಂದು ಮುಚ್ಚಳ ಹಾಕಿ ಬೆಳಕು ನೆಲಕ್ಕಷ್ಟೇ ಬೀಳುವಂತೆ ಮಾಡುವುದು, ರಾತ್ರಿ ಹತ್ತರ ಮೇಲೆ ಅನಗತ್ಯವಾದವನ್ನು ಆರಿಸುವುದು, ಬಿಳಿಯ ಬದಲು ಹಳದಿ ಛಾಯೆಯ ದೀಪ ಹಾಕುವುದು ಹೆಚ್ಚು ಖರ್ಚಿನ ಕೆಲಸಗಳಲ್ಲ. ನವೆಂಬರ್, ಡಿಸೆಂಬರ್ ಸಂಜೆಗಳಲ್ಲಿ ಆಂಡ್ರೊಮಿಡಾ ಬರಿಗಣ್ಣಿಗೇ ಕಾಣುವ ಜಾಗಗಳು ಕಾಫಿ ತೋಟಗಳ ನಡುವೆ ಇನ್ನೂ ಉಳಿದಿವೆ. ಜಿಲ್ಲೆಯ ಶಾಲಾಮಕ್ಕಳನ್ನು ಒಮ್ಮೆಯಾದರೂ ಅಲ್ಲಿಗೆ ಕರೆದೊಯ್ಯಬೇಕೆಂದು ನಾನು ಮನಸಾರೆ ಬಯಸುತ್ತೇನೆ.

ಮುಂದಿನ ಉತ್ತರ ಬರಬೇಕಾಗಿರುವುದು ಅಳತೆಗಳಿಂದ. ಗಾಯಾ 2025ರ ಜನವರಿಯಲ್ಲಿ ತನ್ನ ವೀಕ್ಷಣೆ ಮುಗಿಸಿದೆ, ಆದರೆ ಅದು ಕೂಡಿಟ್ಟ ದತ್ತಾಂಶದ ಬಹುಭಾಗ ಇನ್ನೂ ಪ್ರಕಟವಾಗಬೇಕಿದೆ. ನಾಲ್ಕನೆಯ ಕಂತನ್ನು 2026ರ ಡಿಸೆಂಬರ್‌ಗೆ ನಿಗದಿ ಮಾಡಲಾಗಿದೆ. ಆಂಡ್ರೊಮಿಡಾದ ಅಡ್ಡವೇಗ, ಎಂ33ರ ಚಲನೆ, ಮೆಗಲನಿಕ್ ಮೋಡದ ತೂಕ, ಈ ಮೂರರ ಅನಿಶ್ಚಿತತೆ ಕುಗ್ಗಿದಷ್ಟೂ ಅರ್ಧಕ್ಕರ್ಧವೆಂಬ ಸಂಖ್ಯೆ ಒಂದು ಕಡೆಗೆ ವಾಲುತ್ತದೆ. ಅದು ಮತ್ತೆ ‘ಡಿಕ್ಕಿ’ಯ ಕಡೆಗೆ ವಾಲಲೂಬಹುದು. ಆಗಲೂ ಸುದ್ದಿ ಬರೆಯುವವರು ಸಂಖ್ಯೆಯ ಜೊತೆಗೆ ಅದರ ದೋಷದ ಮಿತಿಯನ್ನೂ ಓದುಗರಿಗೆ ಕೊಡಬೇಕು.